ಇಪ್ಪತ್ತೆರಡು ಸುತ್ತು

ಗುತ್ತಲಿನ ದೊಡ್ಡ ವಾಲ್ವಿಗೆ ಇಪ್ಪತ್ತೆರಡು ಸುತ್ತು.
ಮೂವತ್ತೊಂದು ವರ್ಷ, ನಸುಕಿನ ನಾಲ್ಕಕ್ಕೆ
ಎಣಿಸಿದ್ದೇನೆ; ಒಂದು ಕಮ್ಮಿಯಾದರೂ
ಕೊನೆಯ ಬೀದಿಯ ಕೊಡ ಖಾಲಿ.

ಗ್ರ್ಯಾಚುಟಿ ಕೇಳಿದ ನಮ್ಮ ಹದಿನಾಲ್ಕು ಜನಕ್ಕೆ
ಎಂಟು ವಾರದಲ್ಲಿ ಕೊಡಿ ಎಂದಿತ್ತು ಕೋರ್ಟು.
ಆಮೇಲೆ ಎರಡು ಯುಗಾದಿ ಹೋದವು.
ಇವತ್ತು ಬೆಳಗಿನ ಪ್ಯಾಸೆಂಜರು ಹತ್ತಿ ಬೆಂಗಳೂರಿಗೆ ಹೋಗಿ
ಹಿಂದಿನ ಬೆಂಚಿನಲ್ಲಿ ಕೂತೆವು, ಒಂಬತ್ತು ಜನ.

ಸಾಹೇಬರು ಕೈಕಟ್ಟಿ ನಿಂತರು, ನಾಲ್ಕು ನಿಮಿಷ.
ಬೇಷರತ್ ಕ್ಷಮೆ, ಅಂದರು, ಪೀಠದ ಕಡೆ ಮುಖ ಮಾಡಿ.
ನಮಗೆ ಕಂಡದ್ದು ಕತ್ತಿನ ಹಿಂಭಾಗ,
ಇಸ್ತ್ರಿಯ ಗೆರೆ.

“ನಿಂದನೆ ಆದದ್ದು ನ್ಯಾಯಾಲಯಕ್ಕೆ,”
ಹೊರಗೆ ಬಂದು ಬಿಡಿಸಿ ಹೇಳಿದರು ವಕೀಲರು,
“ಕ್ಷಮಿಸುವುದೂ ಅದೇ.”
“ಹಂಗಾದ್ರೆ ನಮಗಾದದ್ದಕ್ಕೆ ಏನಂತಾರೆ ಸ್ವಾಮಿ?”
ಕೇಳಿದ್ದು ಸಣ್ಣತಾಯಮ್ಮ, ಬೋರಲಿಂಗನ ಹೆಂಡತಿ;
ಕಾಗದದಲ್ಲಿ ಅವಳಿಗೆ ‘ಮೃತರ ವಾರಸುದಾರರು’ ಅಂತ ಹೆಸರು.
ವಕೀಲರು ಕೋಟಿನ ಗುಂಡಿ ತಡವಿಕೊಂಡರು.

ಇನ್ನೂ ನಾಲ್ಕು ವಾರ ಗಡುವು.
ರಾತ್ರಿ ಮಂಡ್ಯದಲ್ಲಿ ಇಳಿದಾಗ ಸ್ಟೇಷನ್ನಿನ ನಲ್ಲಿ
ಯಾರೋ ಸರಿಯಾಗಿ ನಿಲ್ಲಿಸದೆ ತೊಟ್ಟಿಕ್ಕುತ್ತಿತ್ತು.
ಕೈ ತಾನಾಗಿ ಹೋಯಿತು.
ಬೈದುಕೊಂಡೇ ತಿರುಗಿಸಿದೆ,
ಅರ್ಧ ಸುತ್ತು.