ರಾತ್ರಿ ಪಾಳಿಯ ದಿನಚರಿ

ಗುಮ್ಮಟದ ಬಾಗಿಲು ತೆರೆಯುವವಳು ನಾನು, ಮುಚ್ಚುವವಳೂ ನಾನೇ.
ಹೆಸರು ಕಟ್ರೀನಾ ಸೋರ್ಸ್. ಕರೂ ಬಯಲಿನವಳು.
ನೋಡುವವರು ಬೇರೆ.
ಇವತ್ತು ನೋಡುವವಳು ನಾರ್ವೆಯ ರಾಗ್ನಿಲ್,
ಎರಡು ಸ್ವೆಟರಿನ ಮೇಲೊಂದು ಕಂಬಳಿ ಹೊದ್ದು
ಪರದೆಯ ಮೇಲಿನ ಒಂದು ಚುಕ್ಕೆಯನ್ನು,
ಹಾಲು ಉಕ್ಕೀತೆಂದು ಒಲೆಯ ಮುಂದೆ ನಿಂತವಳ ಹಾಗೆ,
ಕಾಯುತ್ತಿದ್ದಾಳೆ.

ಕೆಂಪು ಕುಳ್ಳ ನಕ್ಷತ್ರ. ಬೂದಿಯಲ್ಲಿ ಉಳಿದ ಕೆಂಡದಷ್ಟು.
ಅದರ ಮುಂದೆ ಗ್ರಹವೊಂದು ಹಾಯುತ್ತದಂತೆ
ಹನ್ನೊಂದು ದಿನಕ್ಕೊಮ್ಮೆ; ಅದರ ವರ್ಷವೇ ಅಷ್ಟು.
ಹಾಯುವಾಗ ಬೆಳಕು ನೂರರಲ್ಲಿ ಅರ್ಧ ಪಾಲು ಕುಂದುತ್ತದೆ.
ಆ ಅರ್ಧ ಪಾಲಿಗೆ ಅವಳ ಖರ್ಚು:
ಮೂರು ವಿಮಾನ, ಒಂದು ಬಾಡಿಗೆ ಕಾರು, ಆರು ವರ್ಷ.

'ವಾಸಯೋಗ್ಯ ವಲಯದಲ್ಲಿದೆ' ಎಂದಳು, ಕಾಫಿ ಬಗ್ಗಿಸುತ್ತ.
ಹತ್ತಿರವಾದರೆ ನೀರು ಆವಿ, ದೂರವಾದರೆ ಕಲ್ಲು,
ನಡುವೆ ಒಂದು ಉಂಗುರ, ಅಲ್ಲಿ ನೀರು ನೀರಾಗಿರುತ್ತದೆ.
ಜುಲೈ ಚಳಿಯಲ್ಲಿ ಉಣ್ಣೆ ಕತ್ತರಿಸುವವರು
ಬೆಂಕಿಯ ಸುತ್ತ ಕೂರುವ ದೂರ ಅಂದುಕೊಂಡೆ.
ಮೊಣಕಾಲು ಸುಡಬಾರದು, ಬೆನ್ನು ಸೆಡೆಯಬಾರದು.
ಅಷ್ಟು ತಿಳಿಯಿತು.
ಒಂದು ಪದ ಮಾತ್ರ ಗಂಟಲಲ್ಲಿ ನಿಂತಿತು: ವಲಯ.

ನಲವತ್ತು ವರ್ಷದ ಹಿಂದೆ ಹೊರಟ ಬೆಳಕಂತೆ ಇದು.
ಆಗ ನಾನು ಅಮ್ಮನ ಹೊಟ್ಟೆಯಲ್ಲಿ,
ಅಮ್ಮ ಹಳ್ಳದ ಆಚೆ ದಂಡೆಯಲ್ಲಿ.
ಈಚೆ ದಂಡೆ, ಚರ್ಚು, ಹಿಪ್ಪುನೇರಳೆ ಮರ, ಬಾವಿ,
ಇಷ್ಟೂ ಬಿಳಿಯರ ವಲಯವೆಂದು ಸರ್ಕಾರ ನಕ್ಷೆ ಬರೆದಿತ್ತು.
ಚರ್ಮ ನೋಡಿ ಯಾರು ಎಲ್ಲಿ ಬಾಳಬಹುದೆಂದು ಹೇಳುವ ಶಾಸ್ತ್ರ ಅದು.
ಅದಕ್ಕೆ ದೂರದರ್ಶಕ ಬೇಡ;
ಅಡಿಕೋಲು, ಕೆಂಪು ಪೆನ್ಸಿಲು ಸಾಕು.
ಅಜ್ಜ ತಾನು ಕಟ್ಟಿದ ಮನೆ ಬಿಟ್ಟು
ಬಾಗಿಲ ಚೌಕಟ್ಟು ಮಾತ್ರ ಕಿತ್ತು
ಕತ್ತೆಗಾಡಿಗೆ ಹೇರಿಕೊಂಡು ಹಳ್ಳ ದಾಟಿದನಂತೆ.
ಚೌಕಟ್ಟು ಈಗಲೂ ನಮ್ಮಲ್ಲಿದೆ, ಗೋಡೆಗೆ ಒರಗಿಕೊಂಡು.
ಈಗಿನ ಮಾಡಿಗಿಂತ ಅದು ಒಂದು ಗೇಣು ಎತ್ತರ.

ಇದನ್ನು ರಾಗ್ನಿಲ್‌ಗೆ ಹೇಳಲಿಲ್ಲ.
ಬಿಸ್ಕತ್ತಿನ ಡಬ್ಬಿ ಅವಳ ಕಡೆ ಸರಿಸಿದೆ.

ಅಪ್ಪ ಗಾಳಿಯಂತ್ರ ರಿಪೇರಿಯವನು.
ಕಬ್ಬಿಣದ ಕೊಳವೆಗೆ ಕಿವಿಯಿಟ್ಟು
ಅರವತ್ತು ಮೀಟರು ಕೆಳಗೆ ನೀರು
ಇದೆಯೋ, ಹೋಯಿತೋ, ಹೇಳುತ್ತಿದ್ದ.
ಮೇಲೆ ನೋಡಿದವನಲ್ಲ.
ನನಗಿಲ್ಲಿ ಕೆಲಸ ಸಿಕ್ಕ ರಾತ್ರಿ ಒಂದೇ ಒಂದು ಸಲ ಕತ್ತೆತ್ತಿ,
'ಅಷ್ಟು ದೂರಕ್ಕೆ ಪೈಪು ಹಾಕುವವರು ಯಾರು?' ಎಂದ.

ಎರಡೂ ಐವತ್ತು. ಚುಕ್ಕೆ ಕುಂದತೊಡಗಿತು.
ಗೆರೆ ತಗ್ಗಿಗಿಳಿಯಿತು.
ದೂರದ ಬೆಟ್ಟ ನುಣ್ಣಗಾದರೆ
ದೂರದ ಲೋಕ ಬರೀ ಒಂದು ತಗ್ಗು, ಅಷ್ಟೇ ಕಾಣುವುದು.
ಅಲ್ಲಿ ಒಂದು ಮುಖಕ್ಕೆ ಸದಾ ಹಗಲು,
ಇನ್ನೊಂದಕ್ಕೆ ಮುಗಿಯದ ಇರುಳು ಇರಬಹುದೆಂದಳು.
ನಡುವಿನ ಮುಸ್ಸಂಜೆಯ ಪಟ್ಟಿಯಲ್ಲಿ, ಏನೋ, ಯಾರಿಗೆ ಗೊತ್ತು.
ಆ ಪಟ್ಟಿಯನ್ನೂ ಯಾರಾದರೂ ಹಂಚಿಕೊಂಡಾಗಿದೆಯೇ
ಎಂದು ಕೇಳಬೇಕೆನಿಸಿತು.
'ನೀರು?' ಎಂದೆ.
'ಇವತ್ತು ಹೊತ್ತು ಹಿಡಿದರೆ, ಮುಂದೆ ಬಾಹ್ಯಾಕಾಶದ ದೊಡ್ಡ ಕಣ್ಣು
ಆವಿಯ ಗುರುತು ಹುಡುಕುತ್ತದೆ. ಒಂದು ಚೂರು. ಅಷ್ಟು ಸಿಕ್ಕರೆ ಸಾಕು.'

ಆಗ ನನ್ನ ಕಡೆಯ ಮಾಪಕ ಕೆಂಪಾಯಿತು.
ತೇವ ತೊಂಬತ್ತು. ತೊಂಬತ್ತೆರಡು.
ಪಡುವಣ ಕಣಿವೆಯಿಂದ ಮಂಜು
ಕದ್ದ ಕುರಿಹಿಂಡಿನ ಹಾಗೆ, ಗಂಟೆಯ ಸದ್ದಿಲ್ಲದೆ,
ಏರಿ ಬರುತ್ತಿತ್ತು.
ಕನ್ನಡಿಯ ಮೇಲೆ ಹನಿ ಕೂರಬಾರದು. ನಿಯಮ.
'ಹತ್ತು ನಿಮಿಷ' ಎಂದಳು. ಆಮೇಲೆ, 'ಐದು.'
ಗುಂಡಿ ಒತ್ತಿದೆ.

ಗುಮ್ಮಟ ಮುಚ್ಚುವ ಸದ್ದು ದೊಡ್ಡದು.
ಅವಳ ಗೆರೆ ತಗ್ಗಿನ ತಳದಲ್ಲೇ ತುಂಡಾಯಿತು.
ಅವಳು ಅಳಲಿಲ್ಲ; ಲೋಟದ ತಳ ನೋಡಿದಳು,
ಇನ್ನು ಹನ್ನೊಂದು ದಿನವೆಂದು ಬೆರಳಲ್ಲಿ ಎಣಿಸಿದಳು.

ಹೊರಗೆ ಬಂದೆ. ಕಂಬಿಯುದ್ದಕ್ಕೂ ಹನಿ.
ಒಂದನ್ನು ಬೆರಳಿಂದ ಒರೆಸಿ ನಾಲಿಗೆಗಿಟ್ಟೆ:
ತುಕ್ಕು, ಧೂಳು, ಒಂದಿಷ್ಟು ತಂಪು.
ಕೆಳಗೆ ಊರಲ್ಲಿ ಅಪ್ಪ ಎದ್ದಿರುತ್ತಾನೆ,
ತಗಡಿನ ಮಾಡಿನಿಂದ ತೊಟ್ಟಿಕ್ಕುವುದಕ್ಕೆ ಬಕೆಟ್ಟು ಒಡ್ಡಲು.

ಒಳಗೆ ಬಂದು ಪುಸ್ತಕದಲ್ಲಿ ಬರೆದೆ:
ಮೂರು ಹನ್ನೆರಡು. ಮುಚ್ಚಲಾಗಿದೆ.
ಕಾರಣ: ನೀರು.