ಹನ್ನೊಂದು ಅಡಿ

ಮುರಾಂಗಾದ ಭೂ ನ್ಯಾಯಾಲಯದಲ್ಲಿ
ಮೂರನೇ ಫ್ಯಾನು ತಿರುಗುವುದಿಲ್ಲ. ಅದರ ಕೆಳಗೆ ನನ್ನ ಜಾಗ.
ಕಿಕುಯುವಿನಿಂದ ಇಂಗ್ಲಿಷಿಗೆ, ಇಂಗ್ಲಿಷಿನಿಂದ ಕಿಕುಯುವಿಗೆ
ದಿನಕ್ಕೆ ಇಷ್ಟು ಶಿಲಿಂಗು. ಊಟ ನಮ್ಮದೇ.

ಇವತ್ತು ಗಥೋನಿ. ಎಪ್ಪತ್ತಾರು.
ಕೊಡೆ ಬಿಟ್ಟು ಬರೆನೆಂದಳು,
ಬಾಗಿಲ ಪೊಲೀಸು ಸೋತು ಒಳಬಿಟ್ಟ.

ಮೈದುನನ ಮಗ ಕಿರಗು ಬೇಲಿ ಒತ್ತಿದ್ದು ಹನ್ನೊಂದು ಅಡಿ.
ಸರ್ವೆಯವರು ಅವನ ಮನೆಯಲ್ಲೇ ಚಹಾ ಕುಡಿದು
ಕಾಂಕ್ರೀಟಿನ ಗೂಟ ನೆಟ್ಟರು.
ಅದರಾಚೆ ಈಕೆ ಕಾಲಿಡಕೂಡದೆಂದು ತಡೆಯಾಜ್ಞೆ.
ಇಟ್ಟಳು.
ಅತ್ತೆ ನೆಟ್ಟಿದ್ದ ಇಟೋಕದ ಗಡ್ಡೆಗಳನ್ನು
ಅವನು ಕಿತ್ತೆಸೆದ ಚರಂಡಿಯಿಂದ ಆಯ್ದು
ಹಳೆಯ ಸಾಲಿಗೇ ಮತ್ತೆ ಊರಿದಳು. ಮೂರು ಸಲ.
ಮೂರರ ಫೋಟೋವೂ ಕಡತದಲ್ಲಿದೆ:
ಬೆನ್ನು, ಬೆನ್ನು, ಬೆನ್ನು.

ಅದು ಗಡಿಯ ಹೂವು. ಕಿತ್ತವನ ಕೈ ಒಣಗುತ್ತದೆ
ಎನ್ನುತ್ತಿದ್ದಳು ನನ್ನ ಅಜ್ಜಿ.
ಕಿರಗುವಿನ ಕೈಯಲ್ಲಿ ಹೊಸ ಗಡಿಯಾರ.

ನ್ಯಾಯಾಧೀಶರು ಸರೋವರದ ಸೀಮೆಯವರು, ನಮ್ಮ ಮಾತು ಬಾರದು.
'ನ್ಯಾಯಾಂಗ ನಿಂದನೆ ಎಂದರೇನು, ಆಕೆಗೆ ಗೊತ್ತೇ? ಕೇಳಿ.'
ಬಾಯೊಳಗೆಲ್ಲ ತಡಕಾಡಿದೆ, ಸರಿಯಾದ ಪದ ಸಿಗಲಿಲ್ಲ.
'ಕೋರ್ಟನ್ನು ಕೀಳಾಗಿ ನೋಡಿದಿ ಅನ್ನುತ್ತಾರೆ, ಅಜ್ಜಿ.'
'ಕೆಳಗೆ ನೋಡದೆ ಗಡ್ಡೆ ಊರೋದು ಹೇಗೋ?'
ಅರ್ಥವಾಗಿದೆಯಂತೆ, ಸ್ವಾಮಿ, ಎಂದೆ.

'ಕ್ಷಮೆ ಕೇಳುತ್ತಾಳೋ, ಮೂವತ್ತು ದಿನ ಒಳಗಿರುತ್ತಾಳೋ?'

ಕೊಡೆಯ ಹಿಡಿಯನ್ನು ಎರಡೂ ಕೈಯಲ್ಲಿ ಹಿಡಿದು
ನನಗಲ್ಲ, ನೇರ ಅವರಿಗೇ ಹೇಳಿದಳು:
'ಬೇರು ಬಿಡಲಿಕ್ಕೆ ಮೂವತ್ತು ದಿನ ಸಾಕು.
ನಾನು ಒಳಗಿರುತ್ತೇನೆ.
ಅಷ್ಟರಲ್ಲಿ ಯಾರೂ ಕೀಳದ ಹಾಗೆ
ಕೋರ್ಟು ಕಾಯಲಿ. ಗೂಟ ಕಾಯುವುದಿಲ್ಲವೇ?'

ಹೆಂಗಸರ ಲಾಕಪ್ಪು ನಾನು ನೋಡಿದ್ದೇನೆ.
ಮೂವರಿಗೊಂದು ಕಂಬಳಿ, ಒಣಗದ ಸಿಮೆಂಟು.
ಆಕೆಯ ಎಡಗಾಲ ಬೂಟಿಗೆ ಲೇಸಿನ ಬದಲು
ಕತ್ತಾಳೆಯ ಹುರಿ.
'ತಪ್ಪಾಯಿತಂತೆ, ಸ್ವಾಮಿ' ಎಂದೆ.
'ಇನ್ನು ಮಾಡುವುದಿಲ್ಲವಂತೆ.'

ಪೆನ್ನು ಓಡಿತು. ಎಚ್ಚರಿಕೆ ಕೊಟ್ಟು ಮುಕ್ತಾಯ.

ಹೊರಗೆ, ಹುರಿದ ಜೋಳದ ಬಂಡಿಯ ಹತ್ತಿರ, ನನಗಾಗಿ ನಿಂತಿದ್ದಳು.
'ನಾನಂದದ್ದು ಅಷ್ಟುದ್ದ. ನೀನು ಗಿಡ್ಡಕ್ಕೆ ಮುಗಿಸಿದೆ. ಏನಂದೆ?'
ಹೇಳಿದೆ.
ಬಿಸಿಲಿರಲಿಲ್ಲ, ಮಳೆಯಿರಲಿಲ್ಲ. ಕೊಡೆ ಬಿಡಿಸಿದಳು.

'ಅವನು ನನ್ನ ನೆಲ ಒತ್ತಿದ. ನೀನು ನಾಲಿಗೆ.
ಅವನದಾದರೆ ಹನ್ನೊಂದು ಅಡಿ.
ನಿನ್ನದೆಷ್ಟು? ಅಳೆದಿಡು, ಮತ್ತೆ ಬರುತ್ತೇನೆ.'

ಮತಾಟು ಹಾರ್ನು ಹೊಡೆಯಿತು. ಹತ್ತಿದಳು.
ಬಾಗಿಲಿಗೆ ಸಿಕ್ಕಿದ ಕೊಡೆಯನ್ನು
ಕಂಡಕ್ಟರು ಬೈಯುತ್ತ ಒಳಗೆಳೆದ.

ಮುಂದಿನ ಕೇಸು ಕೂಗಿದರು.
ನನ್ನ ಬೆರಳುಗಳಿಗೇ ಸವೆದ ಬೈಬಲ್ಲಿನ ರಟ್ಟು;
ಕೈಯಿಟ್ಟು ಅಂದೆ:
ಆಡಿದ್ದನ್ನೇ, ಆಡಿದಷ್ಟನ್ನೇ.

ದನಿ ಕೇಳಿಸಲಿಲ್ಲವೆಂದು ಗುಮಾಸ್ತೆ
ಇನ್ನೊಮ್ಮೆ ಹೇಳಿಸಿದಳು.