ಬಿಲ್ಲೆ ನಂಬರ್ ಇನ್ನೂರಾ ಹದಿನೇಳು

ಹಟ್ಟಿಯಲ್ಲಿ ರಾತ್ರಿಪಾಳಿಗೆ ಆಕಾಶ ಇರುವುದು
ನನಗೊಬ್ಬನಿಗೇ.
ಉಳಿದವರೆಲ್ಲ ಗಣಿಯ ಬಾಯೊಳಗೆ ಇಳಿದುಹೋಗುತ್ತಾರೆ,
ಹಿತ್ತಾಳೆಯ ಬಿಲ್ಲೆ ಒಂದೊಂದು ಕಿಸೆಯಲ್ಲಿಟ್ಟು.
ಮೊಳೆಯ ಮೇಲೆ ಬಿಲ್ಲೆ ಇಲ್ಲ ಅಂದರೆ ಮನುಷ್ಯ ಕೆಳಗಿದ್ದಾನೆ,
ಬಿಲ್ಲೆ ಬಂತು ಅಂದರೆ ಬಂದ.
ಇಷ್ಟೇ ನನ್ನ ಲೆಕ್ಕ, ಹತ್ತೊಂಬತ್ತು ವರ್ಷದಿಂದ.

ನಡುವಿನ ಹೊತ್ತು ಖಾಲಿ.
ಚಾದ ಥರ್ಮಾಸು, ಒಂದು ನಾಯಿ,
ಮೇಲೆ ಗಾಲಿ ತಿರುಗುವ ಕಬ್ಬಿಣದ ಗೋಪುರ.
ಅದರ ಕಾಲುಗಳ ಸಂದಿಯಲ್ಲಿ ಕೂರಿಗೆ ಚಿಕ್ಕಿ
ಬಿತ್ತಲು ಹೊರಟಂತೆ ಹಾಯುತ್ತದೆ.
ಹೊರಸಿನ ನಾಕು ಕಾಲು, ಕದಿಯಲು ಬಂದ ಮೂವರು ಕಳ್ಳರು
ಇನ್ನೂ ಅಷ್ಟೇ ದೂರದಲ್ಲಿದ್ದಾರೆ,
ನಮ್ಮವ್ವ ತೋರಿಸಿದಾಗ ಇದ್ದಷ್ಟೇ.

ಅಕ್ಟೋಬರಿನ ಆ ನಸುಕಿನಲ್ಲಿ, ಮೂಡಲಕ್ಕೆ,
ಬೂದುಮಣ್ಣಿನ ಗುಡ್ಡದ ಮೇಲೆ
(ಅರೆದು ಬಂಗಾರ ತೆಗೆದು ಬಿಸಾಕಿದ ಕಲ್ಲಿನ ಹಿಟ್ಟು,
ಅದೇ ನಮ್ಮೂರ ಬೆಟ್ಟ)
ಏನೋ ಒರೆಸಿದಂತೆ ಕಂಡಿತು.
ಕನ್ನಡಕ ಒರೆಸಿಕೊಂಡೆ. ಹೋಗಲಿಲ್ಲ.
ಹೈದರಾಬಾದಿನ ವಿಮಾನ ಅಂದುಕೊಂಡೆ. ಅಲುಗಲಿಲ್ಲ.
ಹಿಂದಿನ ವಾರ ಸಾಲುಹಿಡಿದು ಹೋಗುವ ಚಿಕ್ಕಿಗಳ ಕಂಡು
ದೇವರ ಮೆರವಣಿಗೆಯೆಂದು ಕೈಮುಗಿದಿದ್ದೆ;
ಯಾರದೋ ಇಂಟರ್ನೆಟ್ಟಿನ ಪೆಟ್ಟಿಗೆಗಳಂತೆ ಅವು,
ಮೌನೇಶ ಬಿದ್ದುಬಿದ್ದು ನಕ್ಕಿದ್ದ.
ಅದಕ್ಕೇ ಈ ಸಲ ಕೈ ಕಿಸೆಯಲ್ಲೇ ಇಟ್ಟೆ.

ಐದಕ್ಕೆ ಗಂಟೆ ಮೂರು ಸಲ ಬಡಿಯಿತು.
ಮೂರು ಅಂದರೆ ಒಳಗೆ ಮನುಷ್ಯರಿದ್ದಾರೆ, ಮೆತ್ತಗೆ ಎಳಿ.
ಬಂದರು, ಹಣೆಯಲ್ಲಿ ದೀಪ, ಕಣ್ಣಷ್ಟೇ ಬಿಳಿ.
"ದೀಪ ಆರಸ್ರಪಾ, ಅಲ್ಲಿ ನೋಡ್ರಿ."
ಒಬ್ಬ ಕೆಮ್ಮಿದ. ಒಬ್ಬ ಬಸ್ಸು ಕೇಳಿದ.
"ಬಾಲದ ಚಿಕ್ಕಿ ಬಂದರ ರಾಜಗ ಕೇಡು," ಆದಪ್ಪ ಅಂದ.
"ನಮಗ್ಯಾವ ರಾಜ? ಮ್ಯಾನೇಜರು ಅದಾನ."
"ಅವಂಗ ಮೊನ್ನೇನ ವರ್ಗ ಆತಲ್ಲ!"
ನಕ್ಕರು, ಬಿಲ್ಲೆ ಕೊಟ್ಟರು, ಹೋದರು.

ಬಂದಗಿಸಾಬ ನಿಂತ.
ಮೂವತ್ತು ವರ್ಷ ಬಿಳಿಗಲ್ಲು ನೋಡಿದ ಕಣ್ಣು.
ಬೇರೆ ಕಡೆ ಮೋರೆ ತಿರುಗಿಸಿ "ಹಾಂ, ಐತಿ" ಅಂದ.
"ದಿಟ್ಟಿಸಿದರ ಹೋಗತೈತಿ ಇದು.
ಕಲ್ಲಾಗಿನ ಬಂಗಾರನೂ ಹಂಗ. ಮಗ್ಗಲಕ್ಕ ನೋಡಬೇಕು,
ನೋಡದಂಗ."
ನಾನು ನಾಯಿಯ ಕಡೆ ನೋಡಿದೆ.
ಕಣ್ಣಂಚಿನಲ್ಲಿ ಬಾಲ ಗೇಣುದ್ದ ಬೆಳೆಯಿತು.

ಆಮೇಲೆ ಎಣಿಸಿದರೆ ಒಂದು ಮೊಳೆ ಖಾಲಿ.
ಇನ್ನೂರಾ ಹದಿನೇಳು.
ಮತ್ತೆ ಎಣಿಸಿದೆ.
ಮೌನೇಶ. ಕೆಲಸಕ್ಕೆ ಸೇರಿ ನಾಲ್ಕು ತಿಂಗಳು.
ಕೆಳಗೆ ಫೋನು ಹಚ್ಚಿದೆ. ಯಾರೂ ಇಲ್ಲ, ಎಲ್ಲಾ ಖಾಲಿ ಅಂದರು.
ಖಾಲಿ ಎಂಬ ಮಾತು ಕಿವಿಯಲ್ಲಿ
ಕಲ್ಲು ಬಿದ್ದಂತೆ ಬೀಳುತ್ತಲೇ ಇತ್ತು, ತಳ ಮುಟ್ಟದೆ.

ಬಂದಗಿಸಾಬ ತೋಳು ಜಗ್ಗಿ ತೋರಿಸಿದ:
ಬೂದುಗುಡ್ಡದ ನೆತ್ತಿಯಲ್ಲಿ ಅಂಗಾತ ಒಂದು ಆಕಾರ,
ಮಗ್ಗುಲಿಗೆ ಹೆಲ್ಮೆಟ್ಟು.

ಹತ್ತಿದೆ. ಹಿಟ್ಟಿನಂಥ ಮಣ್ಣು, ಎರಡು ಹೆಜ್ಜೆಗೊಂದು ಜಾರಿಕೆ.
ಬೈಗುಳ ಒಂದೊಂದೇ ಜೋಡಿಸಿಕೊಂಡು ಹೋದವನಿಗೆ
ಮೇಲೆ ಮುಟ್ಟಿದಾಗ ಉಸಿರೇ ಉಳಿದಿರಲಿಲ್ಲ.
ಅವನು ತಿರುಗಲೂ ಇಲ್ಲ.
"ಕಾಕಾ, ಇದು ಹಿಂದಿನ ಸಲ ಬಂದಾಗ ಹಟ್ಟಿ ಇರಲಿಲ್ಲ.
ಈ ಗುಡ್ಡಾನೂ ಇಲ್ಲ.
ಬಂಗಾರಕ್ಕ ಬಂಗಾರ ಅಂತ ಅನ್ನವರ ಇರಲಿಲ್ಲ."
"ಮೊದಲು ಬಿಲ್ಲೆ ಕೊಡಲೇ."
ಕೊಟ್ಟ. ಅಂಗೈಯಲ್ಲಿದ್ದು ಬೆಚ್ಚಗಾಗಿತ್ತು.
ಕೂತೆ.
ಹಾಲಿಗೆ ನೀರು ಬೆರೆಸಿದ ಹಾಗೆ ಮೂಡಲ ತೆಳುವಾಗಿ
ಬಾಲ ಮೊದಲು ಹೋಯಿತು, ಆಮೇಲೆ ತಲೆ.

ಪಾಳಿಯ ಪುಸ್ತಕದಲ್ಲಿ ಷರಾ ಎಂಬುದೊಂದು ಕಾಲಂ.
ಹತ್ತೊಂಬತ್ತು ವರ್ಷವೂ ಅಲ್ಲಿ ನಿರಂಕ ಅಂತಲೇ ಬರೆದವನು
ಅವತ್ತು ಬರೆದೆ: ಇಳಿದವರು ಇನ್ನೂರಾ ನಲವತ್ತು.
ಮೇಲೆ ಬಂದವರು ಇನ್ನೂರಾ ನಲವತ್ತೊಂದು.

ಸೂಪರ್‌ವೈಜರು ಕೆಂಪು ಶಾಯಿಯಲ್ಲಿ ಸುತ್ತು ಹಾಕಿ ಕೇಳಿದ್ದಾನೆ,
ಹೆಚ್ಚಿಗೆ ಬಂದವನ ಬಿಲ್ಲೆ ಎಲ್ಲಿ?
ಉತ್ತರ ಇನ್ನೂ ಬರೆದಿಲ್ಲ.
ಒಂದು ಮೊಳೆ ಮಾತ್ರ ಹೊಸದಾಗಿ ಹೊಡೆದಿದ್ದೇನೆ, ಕೊನೆಗೆ.